ಬೂಟಿನ ದಿಕ್ಕು

"ಚಪ್ಪಲಿ ಹೊರಗೇ ಬಿಡಬೇಕಂತೆ," ಎಂದ ವಕೀಲ, ಒಂದು ಕೈ ಗೋಡೆಗೆ ಊರಿ, ಒಂಟಿಕಾಲಲ್ಲಿ ನಿಂತು ಬೂಟಿನ ಲೇಸು ಎಳೆಯುತ್ತ. "ಒಳಗೆ ಹೊಸ ಕಾರ್ಪೆಟ್ ಹಾಸಿದ್ದಾರೆ. ರಾಜಿ ಕೊಠಡಿ ಕೋರ್ಟಿನ ಹಾಗಿರಬಾರದು, ಮನೆಯ ಹಾಗಿರಬೇಕು ಅಂತ ಸಾಹೇಬರ ಆಸೆ."

ಅವನ ಕಾಲುಚೀಲದಲ್ಲಿ ತೂತಿತ್ತು. ಹೆಬ್ಬೆರಳು ಹೊರಗೆ ಇಣುಕಿತು. ನಾಲ್ಕು ವರ್ಷದಿಂದ ತನ್ನ ಗಂಡನ ಸಾವನ್ನು ವಾದಿಸುತ್ತಿದ್ದವನ ಹೆಬ್ಬೆರಳನ್ನು ಅವಳು ಮೊದಲ ಸಲ ನೋಡಿದಳು. ಉಗುರು ಬೆಳೆದಿತ್ತು. ಬೇಸರವೇನೂ ಆಗಲಿಲ್ಲ. ಇಷ್ಟು ದಿನ ಕಪ್ಪು ಕೋಟಿನ ಕೆಳಗೆ ಇದೇ ಇತ್ತು, ಅಷ್ಟೆ.

ಬಾಗಿಲ ಬಳಿ ಆಗಲೇ ರಾಶಿ ಬಿದ್ದಿತ್ತು. ಒಬ್ಬರದರ ಮೇಲೆ ಇನ್ನೊಬ್ಬರದು, ಕೆಲವು ಮಗುಚಿ ಅಂಗಾತ, ಕೆಲವು ಜೋಡಿ ಅಗಲಿ. ಅತ್ತೆ ತಮ್ಮದನ್ನು ಕಂಬದ ಹಿಂದೆ ಒಯ್ದು ಬಚ್ಚಿಟ್ಟರು. ಹಳೆಯ ಚಪ್ಪಲಿ. ಕದಿಯುವವನು ಕುರುಡನಾಗಿದ್ದರೆ ಮಾತ್ರ ಆಸೆಪಟ್ಟಾನು. ಮೈದುನ ಕಾಲು ಝಾಡಿಸಿದ. ಒಂದು ಇಲ್ಲಿ ಬಿತ್ತು, ಇನ್ನೊಂದು ಅಲ್ಲಿ. ಅವಳೂ ನಡೆಯುತ್ತಲೇ ಕಳಚಿದಳು.

"ಒಳಗೆ ನೀವು ಏನೂ ಮಾತಾಡಬೇಡಿ ಮೇಡಂ," ವಕೀಲ ತಗ್ಗಿದ ದನಿಯಲ್ಲಿ ಹೇಳಿದ. "ಕೇಳಿದರೆ ತಲೆ ಆಡಿಸಿ. ಆಗೋದಾದರೆ ಒಂಚೂರು ಕಣ್ಣು ಒರೆಸಿಕೊಳ್ಳಿ. ನಿಮ್ಮ ಮುಖದಲ್ಲಿ ದುಃಖ ಕಾಣಲ್ಲ. ನಿಜ ಹೇಳಬೇಕಂದ್ರೆ ನಮ್ಮ ಕೇಸಿನ ವೀಕ್ ಪಾಯಿಂಟು ಅದೇ."

"ಅತ್ತೆ ಅಳ್ತಾರೆ," ಎಂದಳು.

"ಅವರದು ಬಿಡಿ, ಅವರು ಚೆನ್ನಾಗಿ ಅಳ್ತಾರೆ."

ಅತ್ತೆಗೆ ಹೊಗಳಿಕೆ ಕೇಳಿಸಿರಬೇಕು. ಸೆರಗನ್ನು ಸರಿಮಾಡಿಕೊಂಡರು.

ಕೊಠಡಿಯಲ್ಲಿ ಹೊಸ ಕಾರ್ಪೆಟ್ಟಿನ ರಬ್ಬರು ವಾಸನೆ. ದುಂಡು ಮೇಜು. ದುಂಡಗಿದ್ದರೆ ಯಾರೂ ಎದುರಾಳಿಗಳಲ್ಲ ಎಂದು ಎಲ್ಲೋ ಓದಿ ತರಿಸಿದ್ದರಂತೆ. ಮೇಜಿನ ಆ ಕಡೆ ನಿವೃತ್ತ ನ್ಯಾಯಾಧೀಶರು, ಬಿಳಿ ಅಂಗಿ, ಬರಿಗಾಲು. ನಿವೃತ್ತಿಯ ನಂತರ ಅವರಿಗೆ ಜನರ ಮೇಲೆ ಪ್ರೀತಿ ಬಂದಿತ್ತು. ಅವರ ಪಕ್ಕದಲ್ಲಿ ವಿಮಾ ಕಂಪನಿಯ ಅಧಿಕಾರಿ, ಎಳೆಯ ಗಲ್ಲದವನು, ಹಳದಿ ಕಾಲುಚೀಲ. ಗೋಡೆಯ ಬಳಿಯ ಬೆಂಚಿನಲ್ಲಿ ಒಂದು ಕಾಲಿಲ್ಲದವನೊಬ್ಬ ಊರುಗೋಲು ತಬ್ಬಿಕೊಂಡು ಕೂತಿದ್ದ. ಅವನ ಸರದಿ ಇವರ ನಂತರ. ಅವನೂ ನಿಯಮ ಪಾಲಿಸಿದ್ದ. ಇದ್ದ ಒಂದೇ ಚಪ್ಪಲಿಯನ್ನು ಹೊರಗೆ ಬಿಟ್ಟು ಬಂದಿದ್ದ.

ಆದರೆ ಅವಳು ನೋಡುತ್ತಿದ್ದುದು ಇವರನ್ನಲ್ಲ. ಮೇಜಿನ ಮೇಲೆ ನ್ಯಾಯಾಧೀಶರ ಮೊಣಕೈ ಹತ್ತಿರ ಬಿಳಿ ದಾರದಲ್ಲಿ ಕಟ್ಟಿದ ಒಂದು ಕಟ್ಟು ಇತ್ತು. ಕೆಳ ನ್ಯಾಯಾಲಯದ ಮೂಲ ಕಡತ. ಮೇಲ್ಮನವಿಗಾಗಿ ತರಿಸಿದ್ದರು. ಇವತ್ತು ರಾಜಿಯಾದರೆ ಅದು ವಾಪಸು ಹೋಗುತ್ತದೆ, ಯಾವುದೋ ಕಪಾಟಿಗೆ. ಆಮೇಲೆ ಯಾರೂ ಬಿಚ್ಚುವುದಿಲ್ಲ.

ಅದರೊಳಗೆ ಒಂದು ಫೋಟೋ ಇತ್ತು.

ನಾಲ್ಕು ವರ್ಷದ ಹಿಂದೆ, ಒಂದು ಸಂಜೆ, ಇನ್ನೂ ಚೆನ್ನಾಗಿ ಬೆಳಕಿರುವಾಗ, ಅವಳ ಗಂಡ ಆಫೀಸಿನಿಂದ ಬರುವ ಅಗಲವಾದ ರಸ್ತೆಯಲ್ಲಿ ಲಾರಿಯ ಕೆಳಗೆ ಬಿದ್ದ. ಲಾರಿಯ ಚಾಲಕ ಕಟಕಟೆಯಲ್ಲಿ ನಿಂತು ಹೇಳಿದ: ಆ ಮನುಷ್ಯ ಬದಿಯಲ್ಲಿ ನಿಂತಿದ್ದ, ನನ್ನನ್ನೇ ನೋಡುತ್ತಿದ್ದ, ಆಮೇಲೆ ನಡೆದು ಬಂದ. ಚಾಲಕರು ಹೀಗೆ ಹೇಳುವುದು ವಾಡಿಕೆ ಎಂದು ಕೆಳ ನ್ಯಾಯಾಲಯ ಅದನ್ನು ನಂಬಲಿಲ್ಲ. ಪೊಲೀಸರು ತೆಗೆಸಿದ ಫೋಟೋದಲ್ಲಿ ಬೂಟುಗಳು ರಸ್ತೆಯ ಬದಿಯಲ್ಲಿದ್ದವು. ಜೋಡಿಯಾಗಿ, ಪಕ್ಕಪಕ್ಕದಲ್ಲಿ. ಲಾರಿ ಹೊಡೆದರೆ ಬೂಟು ಹಾರುತ್ತದೆ, ಸರಿ; ಹಾರಿ ಹೋಗಿ ಪಕ್ಕಪಕ್ಕ ಕೂರುವುದಿಲ್ಲ ಎಂದು ಕಂಪನಿ ವಾದಿಸಿತು. "ಸಾರ್ವಜನಿಕರಲ್ಲಿ ಯಾರೋ ಎತ್ತಿ ಬದಿಗಿಟ್ಟಿರಬಹುದು" ಎಂದು ತೀರ್ಪು ಬಂತು.

ಇಟ್ಟಿರಬಹುದು. ಅವಳು ಕಾಲೇಜಿನಲ್ಲಿ ತರ್ಕಶಾಸ್ತ್ರ ಕಲಿಸುತ್ತಾಳೆ. 'ಇರಬಹುದು' ಎಂಬಲ್ಲಿಂದ 'ಇದೆ' ಎಂಬಲ್ಲಿಗೆ ದಾರಿಯಿಲ್ಲ ಎಂದು ಪ್ರತಿ ವರ್ಷ ಹೊಸ ತರಗತಿಗೆ ಹೇಳಿಕೊಡುತ್ತಾಳೆ. ಕೆಳ ನ್ಯಾಯಾಲಯಕ್ಕೆ ಯಾರೂ ಹೇಳಿಕೊಟ್ಟಿರಲಿಲ್ಲ. ಪರಿಹಾರ ಪೂರ್ತಿ ಮಂಜೂರಾಯಿತು. ಕಂಪನಿ ಮೇಲ್ಮನವಿ ಹಾಕಿತು.

ಬೂಟು ಬದಿಯಲ್ಲಿತ್ತು ಎಂಬುದು ಎಲ್ಲರಿಗೂ ಗೊತ್ತು. ಅದರ ಮೂತಿ ಯಾವ ಕಡೆಗಿತ್ತು ಎಂದು ಯಾರೂ ಕೇಳಿರಲಿಲ್ಲ.

ಅವನಿಗೊಂದು ಅಭ್ಯಾಸವಿತ್ತು. ಮನೆಗೆ ಬಂದವನು ಬೂಟು ಕಳಚಿ ಹಾಗೇ ಬಿಡುತ್ತಿರಲಿಲ್ಲ. ಬಗ್ಗಿ, ತಿರುಗಿಸಿ, ಹಿಮ್ಮಡಿ ಗೋಡೆಗೆ, ಮೂತಿ ಹೊರಗೆ ಬರುವಂತೆ ಜೋಡಿಸುತ್ತಿದ್ದ. ಎರಡರ ನಡುವೆ ಬೆರಳು ತೂರುವಷ್ಟು ಜಾಗ. "ಹೊರಡುವಾಗ ಸುಲಭ," ಎನ್ನುತ್ತಿದ್ದ. "ಬಂದ ತಕ್ಷಣ ಹೋಗೋ ತಯಾರಿ," ಎಂದು ಅವಳು ಹಂಗಿಸುತ್ತಿದ್ದಳು. ಅವನು ನಗುತ್ತಿದ್ದ. ನಗುತ್ತಿದ್ದನೋ, ಸುಮ್ಮನಿರುತ್ತಿದ್ದನೋ. ಈಗ ಅದೂ ಖಚಿತವಿಲ್ಲ.

ಅವಳಿಗೆ ಬೇಕಾಗಿದ್ದುದು ಇಷ್ಟೇ. ಮೂತಿ ರಸ್ತೆಯ ಕಡೆಗಿದ್ದರೆ ಅವನೇ ಇಟ್ಟದ್ದು. ಇಲ್ಲದಿದ್ದರೆ ಬೇರೆ ಯಾರೋ. ಮೊದಲನೆಯದಾದರೆ ಬೈಯಬೇಕು, ಎರಡನೆಯದಾದರೆ ಅಳಬೇಕು. ನಾಲ್ಕು ವರ್ಷದಿಂದ ಎರಡೂ ಬಾಕಿ ಉಳಿದಿದ್ದವು.

ನಕಲಿಗೆ ಅರ್ಜಿ ಹಾಕಿದ್ದಳು. ಮೊಹರು, ಸಹಿ ಎಲ್ಲಾ ಇದ್ದ ಜೆರಾಕ್ಸ್ ಬಂತು. ಫೋಟೋ ಇರಬೇಕಾದಲ್ಲಿ ಒಂದು ಕಪ್ಪು ಚೌಕ. ಅದು ಮೂಲದ ಯಥಾಪ್ರತಿ ಎಂದು ಕೆಳಗೆ ಒಬ್ಬ ಪ್ರಮಾಣ ಮಾಡಿದ್ದ.

"ಬನ್ನಿ ಬನ್ನಿ, ಕೂತ್ಕೊಳ್ಳಿ," ನ್ಯಾಯಾಧೀಶರು ಅತ್ತೆಗೆ ಕುರ್ಚಿ ತೋರಿಸಿದರು. "ಇದು ನಿಮ್ಮ ಮನೆ ಅಂದ್ಕೊಳ್ಳಿ ತಾಯೀ. ಗೆಲ್ಲೋದು ಸೋಲೋದು ಏನಿಲ್ಲ ಇಲ್ಲಿ. ಎಲ್ಲರೂ ನಗ್ತಾ ಹೋಗಬೇಕು."

ಅತ್ತೆ ಅಳತೊಡಗಿದರು. ಸ್ವಲ್ಪ ಬೇಗವಾಯಿತು. ವಕೀಲ ಕೈಯಿಂದ ನಿಧಾನ ಎಂಬಂತೆ ಸನ್ನೆ ಮಾಡಿದ.

"ನಲವತ್ತರಿಂದ ಶುರು ಮಾಡೋಣ," ಎಂದ ಕಂಪನಿಯ ಅಧಿಕಾರಿ.

"ನಲವತ್ತಾ! ಹತ್ತು ಅನ್ನಿ ಸಾರ್, ಮಾತಾಡೋಣ," ಎಂದ ವಕೀಲ.

"ಮೃತರದೇ ತಪ್ಪು ಶೇಕಡಾ ನಲವತ್ತು. ಅಷ್ಟು ಕಳೆದು ಉಳಿದದ್ದು ಕೊಡ್ತೀವಿ. ನಡೆದು ಬಂದಿದ್ದಾರೆ ರೀ ಅವರು. ಓಡಿ ಬಂದಿದ್ದರೆ ಬೇರೆ ಮಾತು."

"ರಸ್ತೆ ದಾಟೋರು ನಡೆದೇ ಬರೋದು ಸಾರ್. ಹಾರಿ ಬರಲ್ಲ."

"ಬೂಟು ಬಿಚ್ಚಿಟ್ಟು ದಾಟ್ತಾರಾ?"

"ಅದಕ್ಕೆ ತೀರ್ಪಲ್ಲಿ ಉತ್ತರ ಇದೆಯಲ್ಲ. ಹೋಗಲಿ, ಹದಿನೈದು."

"ಮೂವತ್ತೈದು."

ಅತ್ತೆ ಅಳು ನಿಲ್ಲಿಸಿದ್ದರು. "ಏನದು ನಲವತ್ತು, ಮೂವತ್ತೈದು? ನನ್ನ ಮಗ ಸತ್ತಿದ್ದು ಪೂರ್ತಿ ತಾನೆ?"

"ಸಾವು ಪೂರ್ತಿ ಅಮ್ಮ, ತಪ್ಪು ಮಾತ್ರ ಪಾಲು," ವಕೀಲ ವಿವರಿಸಿದ.

"ಅವನದ್ಯಾಕೆ ಪಾಲು? ಲಾರಿ ಅವನದಾಗಿತ್ತಾ?"

ಬೆಂಚಿನ ಮೇಲಿದ್ದ ಒಂಟಿಕಾಲಿನವನು ಪಕ್ಕನೆ ನಕ್ಕು, ಕೆಮ್ಮಿದಂತೆ ಮಾಡಿದ. ನ್ಯಾಯಾಧೀಶರೂ ನಕ್ಕರು. ಮನೆಯ ವಾತಾವರಣ ಬರುತ್ತಿದೆ ಎಂದು ಅವರಿಗೆ ಸಮಾಧಾನವಾದಂತಿತ್ತು.

ಅವಳಿಗೆ ಯೋಚನೆ ಬಂತು: ಶೇಕಡಾ ಮೂವತ್ತೈದು ಸಾಯಲು ಹೊರಟವನು ಬೆಳಿಗ್ಗೆ ಹೇಗಿರುತ್ತಾನೆ? ತಿಂಡಿ ತಿನ್ನುತ್ತಾನೆ. "ಸಕ್ಕರೆ ತರಬೇಕಾ?" ಎಂದು ಕೇಳುತ್ತಾನೆ. "ಇದೆ, ಬೇಡ," ಎಂದಿದ್ದಳು. ಅದು ಕೊನೆಯ ಮಾತು. ಜಗಳವಾಗಿದ್ದರೆ ಹಿಡಿದುಕೊಳ್ಳಲು ಏನಾದರೂ ಇರುತ್ತಿತ್ತು. ಮೂರು ವರ್ಷ ಒಂದೇ ಹಾಸಿಗೆಯಲ್ಲಿ ಮಲಗಿ ಎದ್ದವಳು, ಅವನು ಸುಖವಾಗಿದ್ದನೇ ಇಲ್ಲವೇ ಎಂಬುದನ್ನು ಒಂದು ಪೊಲೀಸ್ ಫೋಟೋದಿಂದ ತಿಳಿದುಕೊಳ್ಳಬೇಕಾಗಿತ್ತು. ಎದುರಿನವರ ಮೇಲೆ ಅವಳಿಗಿದ್ದ ತಾತ್ಸಾರಕ್ಕೆ ಒಂದು ಮಿತಿ ಇತ್ತು. ತನ್ನ ಮೇಲಿದ್ದುದಕ್ಕೆ ಇರಲಿಲ್ಲ.

"ಇಪ್ಪತ್ತು," ವಕೀಲ ಹೇಳಿದ. "ಇಪ್ಪತ್ತಕ್ಕೆ ಮುಗಿಸೋಣ. ಹೆಣ್ಣುಮಗಳು ಪಾಪ."

ಪಾಪ ಎಂದಾಗ ಎಲ್ಲರೂ ಅವಳ ಕಡೆ ನೋಡಿದರು. ಕಣ್ಣು ಒರೆಸಿಕೊಳ್ಳಬೇಕಾದ ಜಾಗ ಇದೇ ಇರಬೇಕು.

"ನನಗೆ ಒಂದು ಫೋಟೋ ನೋಡಬೇಕಿತ್ತು," ಎಂದಳು.

ಮೇಜಿನ ಕೆಳಗೆ ವಕೀಲನ ಪಾದ ಅವಳ ಪಾದವನ್ನು ಒತ್ತಿತು. ತೂತಿನಿಂದ ಹೊರಬಿದ್ದ ಹೆಬ್ಬೆರಳು ಬೆಚ್ಚಗಿತ್ತು.

"ಯಾವ ಫೋಟೋ ಅಮ್ಮ?" ನ್ಯಾಯಾಧೀಶರು ಕೇಳಿದರು.

"ರಸ್ತೆಯದು. ಬೂಟು ಇರುವುದು."

ಅಧಿಕಾರಿ ಪೆನ್ನು ಕೆಳಗಿಟ್ಟು, ಹಿಂದಕ್ಕೆ ಒರಗಿದ. "ಮೇಡಂಗೇ ಅನುಮಾನ ಇದ್ದ ಹಾಗಿದೆ," ಎಂದ. ವ್ಯಂಗ್ಯವಿರಲಿಲ್ಲ, ಚೌಕಾಸಿಯಲ್ಲಿ ಎದುರಿನವನು ಎಡವಿದಾಗ ಹುಟ್ಟುವ ಸಂತೋಷವಷ್ಟೇ ಇತ್ತು. "ಹಾಗಾದರೆ ನಾವು ನಲವತ್ತಕ್ಕೇ ನಿಲ್ಲೋಣ. ಅಥವಾ ರಾಜಿ ಬೇಡ, ಮೇಲ್ಮನವಿ ನಡೀಲಿ. ಅವರೇ ಬಾಯಿಬಿಟ್ಟು ಕೇಳ್ತಿದ್ದಾರಲ್ಲ."

"ಅತ್ತಿಗೆ!" ಮೈದುನ ಮೊದಲ ಸಲ ಬಾಯಿ ತೆರೆದ. "ಏನು ಮಾಡ್ತಿದ್ದೀರಿ ನೀವು?"

"ಫೋಟೋ ಕೇಳಿದೆ."

"ಈಗ ನೋಡಿ ಏನು ಮಾಡೋದಿದೆ? ಅಣ್ಣ ಎದ್ದು ಬರ್ತಾನಾ?"

ಎದ್ದು ಬಂದರೆ ಮೈದುನನಿಗೇ ಹೆಚ್ಚು ತೊಂದರೆ. ಬರುವ ಹಣದಲ್ಲಿ ತಾಯಿಯ ಪಾಲು ತೆಗೆದು ಒಂದು ಗೂಡ್ಸ್ ಗಾಡಿ ಕೊಳ್ಳುವುದಕ್ಕೆ ಅವನು ಮುಂಗಡ ಕೊಟ್ಟಾಗಿತ್ತು. ಬಣ್ಣವನ್ನೂ ಆರಿಸಿದ್ದ. ನೀಲಿ.

ಅತ್ತೆ ಅವಳ ಮಣಿಕಟ್ಟು ಹಿಡಿದರು. ಹಿಡಿತ ಗಟ್ಟಿಯಿತ್ತು. "ನೋಡಬೇಡ," ಎಂದರು, ಕಿವಿಯ ಹತ್ತಿರ. ಅಳುವ ದನಿಯಲ್ಲ ಅದು, ಇವರು ಅಡಿಗೆಮನೆಯಲ್ಲಿ ಮಾತಾಡುವ ದನಿ. "ನಾನು ಹೆತ್ತವಳು. ನಾನೇ ಕೇಳಿಲ್ಲ. ನಿನಗ್ಯಾಕೆ?"

ಅಂದರೆ ಇವರಿಗೂ ಅದೇ ಅನುಮಾನ. ಅವಳು ತಿರುಗಿ ಅತ್ತೆಯ ಮುಖ ನೋಡಿದಳು. ಅತ್ತೆ ಆಗಲೇ ಸೆರಗು ಮುಖಕ್ಕೆ ಒತ್ತಿಕೊಂಡಿದ್ದರು.

ನ್ಯಾಯಾಧೀಶರು ದೊಡ್ಡ ಮನಸ್ಸು ಮಾಡಿದರು. ದೊಡ್ಡ ಮನಸ್ಸು ಮಾಡುವ ಸಂದರ್ಭಗಳಿಗೆ ಅವರು ಕಾಯುತ್ತಿದ್ದಂತಿತ್ತು. "ಏ, ನೋಡಲಿ ಬಿಡ್ರೀ. ಗಂಡನ ಕೊನೆಯ ವಸ್ತು. ಹೆಣ್ಣಿನ ಮನಸ್ಸು ನಿಮಗೇನು ಗೊತ್ತು?" ಎಂದು ತಾವೇ ದಾರ ಬಿಚ್ಚಿದರು. ಅಧಿಕಾರಿಯ ಕಡೆ ತಿರುಗಿ, "ಇದನ್ನೇ ಹಿಡ್ಕೊಂಡು ಮೇಲೆ ಹೋಗಬೇಡಿ ಮತ್ತೆ. ಇಪ್ಪತ್ತೈದಕ್ಕೆ ಒಪ್ಕೊಳ್ಳಿ. ನನ್ನ ಮಾತು."

"ಸಾರ್ ಹೇಳಿದ ಮೇಲೆ..." ಎಂದ ಅಧಿಕಾರಿ. ಅವನ ಮೇಲಿನವರು ಮೂವತ್ತರವರೆಗೆ ಇಳಿಯಲು ಹೇಳಿದ್ದರೋ ಇಪ್ಪತ್ತರವರೆಗೋ, ಮುಖದಿಂದ ತಿಳಿಯಲಿಲ್ಲ.

"ಒಪ್ಪಿಗೆ," ಎಂದ ವಕೀಲ, ಅವಳನ್ನು ಕೇಳದೆ.

ಹಾಳೆಗಳು ಮಗುಚಿದವು. ಮರಣೋತ್ತರ ವರದಿ, ಸಂಬಳದ ಚೀಟಿ, ಮದುವೆಯ ಫೋಟೋ. ಮದುವೆಯಾಗಿತ್ತು ಎಂದು ರುಜುವಾತು ಮಾಡಲು ಕೊಟ್ಟಿದ್ದು. ಅದರಲ್ಲಿ ಅವನು ಎಲ್ಲೋ ನೋಡುತ್ತಿದ್ದ. ಆಮೇಲೆ ಗಟ್ಟಿ ಕಾಗದಕ್ಕೆ ಅಂಟಿಸಿದ ರಸ್ತೆ.

ಅವಳು ನಿಧಾನವಾಗಿ ನೋಡಿದಳು, ಮೇಲಿನಿಂದ ಕೆಳಕ್ಕೆ. ನಿಂತ ಲಾರಿಯ ಹಿಂಬದಿ. ಬಿಳಿ ಗೆರೆ. ಸೀಮೆಸುಣ್ಣದಲ್ಲಿ ಬರೆದ ಆಕಾರ, ಅವನಿಗಿಂತ ದಪ್ಪ. ಕೈಕಟ್ಟಿ ನಿಂತ ಜನ. ರಸ್ತೆಯ ಅಂಚು. ಕೆಳಗಿನ ಮೂಲೆ.

ಕೆಳಗಿನ ಮೂಲೆಯಲ್ಲಿ ನ್ಯಾಯಾಲಯದ ನಂಬರಿನ ಚೀಟಿ ಇತ್ತು. ಬೆಂಕಿಪೊಟ್ಟಣದಷ್ಟು ದೊಡ್ಡದು. ಅದರ ಮೇಲೆ ದುಂಡು ಮೊಹರು, ಮೊಹರಿನ ಮೇಲೆ ಸಹಿ.

ಯಾರೋ ಗುಮಾಸ್ತ ಫೋಟೋವನ್ನು ಎದುರಿಗಿಟ್ಟುಕೊಂಡು, ಏನೂ ಇಲ್ಲದ ಜಾಗ ಯಾವುದೆಂದು ಹುಡುಕಿದ್ದಾನೆ. ಲಾರಿ ಮುಚ್ಚಬಾರದು, ಗೆರೆ ಮುಚ್ಚಬಾರದು, ಜನರನ್ನು ಮುಚ್ಚಬಾರದು. ಕಡೆಗೆ ಇಲ್ಲಿ ಅಂಟಿಸಿದ್ದಾನೆ, ಅಚ್ಚುಕಟ್ಟಾಗಿ, ಅಂಚಿಗೆ ಸರಿಯಾಗಿ.

ಚೀಟಿಯ ಪಕ್ಕದಿಂದ ಕಪ್ಪಗಿನದೇನೋ ಒಂದಿಷ್ಟು ಹೊರಗೆ ಉಳಿದಿತ್ತು. ಹಿಮ್ಮಡಿ ಇರಬಹುದು. ಮೂತಿ ಇರಬಹುದು.

ಅವಳ ಉಗುರು ತಾನಾಗಿ ಚೀಟಿಯ ಮೂಲೆಗೆ ಹೋಯಿತು. ಗೋಂದು ಗಟ್ಟಿಯಾಗಿತ್ತು. ಕೆರೆದಳು. ಕಾಗದದ ಎಳೆಯೊಂದು ಎದ್ದಿತು, ಅದರ ಜೊತೆ ಫೋಟೋದ ಬಣ್ಣವೂ.

"ಅಮ್ಮಾ, ಅದು ದಾಖಲೆ, ಕೀಳಬಾರದು," ನ್ಯಾಯಾಧೀಶರು ಮೃದುವಾಗಿ ಕಟ್ಟನ್ನು ತಮ್ಮ ಕಡೆಗೆ ಎಳೆದುಕೊಂಡರು. "ಸಮಾಧಾನ ಆಯ್ತಾ?"

"ಆಯ್ತು."

"ನೋಡಿ, ಇಷ್ಟೇ. ಮನುಷ್ಯರಿಗೆ ಬೇಕಾಗಿರೋದು ಇಷ್ಟೇ," ಎಂದು ಅವರು ಅಧಿಕಾರಿಗೆ ಹೇಳಿದರು.

ರಾಜಿ ಪತ್ರ ಮೊದಲೇ ಸಿದ್ಧವಿತ್ತು. ಶೇಕಡಾದ ಜಾಗವೊಂದನ್ನು ಖಾಲಿ ಬಿಟ್ಟಿದ್ದರು. ಅಲ್ಲಿ ಇಪ್ಪತ್ತೈದು ತುಂಬಿದರು. ಉಭಯ ಪಕ್ಷದವರೂ ಯಾರ ಒತ್ತಾಯವೂ ಇಲ್ಲದೆ, ಸ್ವ ಇಚ್ಛೆಯಿಂದ, ಪರಿಣಾಮವನ್ನು ತಿಳಿದು ಒಪ್ಪಿದ್ದಾರೆ. ಘಟನೆ ಹೇಗಾಯಿತು ಎಂಬ ಪ್ರಶ್ನೆಯನ್ನು ಇನ್ನು ಮುಂದೆ ಯಾವ ಪಕ್ಷದವರೂ, ಎಲ್ಲಿಯೂ ಎತ್ತತಕ್ಕದ್ದಲ್ಲ.

ಅವಳು ಆ ವಾಕ್ಯವನ್ನು ಇನ್ನೊಮ್ಮೆ ಓದಿದಳು. ಚೆನ್ನಾಗಿತ್ತು. ಅದರಲ್ಲಿ 'ಇರಬಹುದು' ಇರಲಿಲ್ಲ.

"ಓದೋದೇನಿದೆ, ಹಾಕಿ ಮೇಡಂ," ವಕೀಲ ಪೆನ್ನಿನ ಕ್ಯಾಪ್ ತೆಗೆದು ಕೊಟ್ಟ. "ಕಾಲೇಜಲ್ಲಿ ಪೇಪರ್ ತಿದ್ದೋ ಹಾಗೆ ಓದ್ತಿದ್ದೀರಲ್ಲ."

ಸಹಿ ಹಾಕಿದಳು. ಅತ್ತೆ ಹೆಬ್ಬೆಟ್ಟು ಒತ್ತಿದರು. ಅವರಿಗೆ ಸಹಿ ಬರುತ್ತಿತ್ತು. ಹೆಬ್ಬೆಟ್ಟು ನೋಡಿದರೆ ಕರುಣೆ ಹುಟ್ಟುತ್ತದೆ ಎಂದು ವಕೀಲ ಮೊದಲಿನಿಂದಲೂ ಒತ್ತಿಸುತ್ತ ಬಂದಿದ್ದ. ಈಗ ಬದಲಾಯಿಸುವಂತಿರಲಿಲ್ಲ.

"ಒಂದು ಫೋಟೋ ಆಗಲಿ," ಎಂದರು ನ್ಯಾಯಾಧೀಶರು. ತಿಂಗಳ ವರದಿಗೆ ಬೇಕಂತೆ. ಎಲ್ಲರೂ ಗೋಡೆಯ ಬಳಿ ಸಾಲಾಗಿ ನಿಂತರು. ಅವಳು ಮತ್ತು ಅಧಿಕಾರಿ ರಾಜಿ ಪತ್ರದ ಎರಡು ತುದಿ ಹಿಡಿಯಬೇಕು, ಬಹುಮಾನ ಹಿಡಿದ ಹಾಗೆ. ಫೋಟೋ ತೆಗೆಯುವ ನೌಕರ ಮೊಬೈಲು ಎತ್ತಿ ಒಂದು ಕಣ್ಣು ಮುಚ್ಚಿದ.

"ಮೇಡಂ, ಸ್ವಲ್ಪ ನಗಿ."

"ಅವರು ನಗಲ್ಲ, ತೆಗೆದುಬಿಡಿ," ಎಂದ ಮೈದುನ.

ಅಧಿಕಾರಿ ನಕ್ಕ. ನ್ಯಾಯಾಧೀಶರು ನಕ್ಕರು. ವಕೀಲ ಹೊಟ್ಟೆ ಒಳಗೆಳೆದುಕೊಂಡ. ಬೆರಳಿನ ಮಸಿಯನ್ನು ಸೆರಗಿನ ಒಳಗೆ ಒರೆಸಿಕೊಳ್ಳುತ್ತಿದ್ದ ಅತ್ತೆ, ಕೊನೆಯ ಗಳಿಗೆಯಲ್ಲಿ, ಯಾಕೋ ನಕ್ಕುಬಿಟ್ಟರು.

"ಗಾಡಿ ಯಾವುದು ತಗೋತಿದ್ದೀರಿ?" ಫೋಟೋ ಆದ ಮೇಲೆ ಅಧಿಕಾರಿ ಮೈದುನನನ್ನು ಕೇಳುತ್ತಿದ್ದ. ಜೇಬಿನಿಂದ ಕಾರ್ಡು ತೆಗೆದ. "ವಿಮೆ ನಮ್ಮ ಹತ್ತಿರಾನೇ ಮಾಡ್ಸಿ. ನಿಮಗೆ ನಾನೇ ನಿಂತು ಮಾಡಿಸಿಕೊಡ್ತೀನಿ. ಹೇಗೂ ಪರಿಚಯ ಆಯ್ತಲ್ಲ."

"ಖಂಡಿತ ಸಾರ್. ಹೊರಗಿನವರ ಹತ್ತಿರ ಯಾಕೆ ಹೋಗಲಿ?"

ಚಹಾ ಬಂತು. ಜವಾನ ಕಡತದ ಕಟ್ಟಿಗೆ ದಾರ ಸುತ್ತಿ, ಮೊಣಕಾಲಿನಿಂದ ಅದುಮಿ ಗಂಟು ಹಾಕಿದ. ಒಂಟಿಕಾಲಿನವನು ಊರುಗೋಲು ಊರಿ ಮೇಜಿನ ಕಡೆ ಹೊರಟ. ಅಧಿಕಾರಿ ಅವನ ಕಡತ ತೆರೆದು, "ಮೊಣಕಾಲಿಂದ ಕೆಳಗಲ್ವಾ ಹೋಗಿದ್ದು? ಮೇಲಲ್ಲವಲ್ಲ?" ಎಂದು ಖಾತ್ರಿ ಮಾಡಿಕೊಳ್ಳುತ್ತಿದ್ದ.

ಅವಳು ಚಹಾ ಮುಟ್ಟದೆ ಎದ್ದಳು. ಯಾರೂ ಕರೆಯಲಿಲ್ಲ. ಅವಳ ಕೆಲಸ ಮುಗಿದಿತ್ತು.

ಬಾಗಿಲು ತಳ್ಳಿ ಹೊರಗೆ ಬಂದವಳು ನಿಂತಳು.

ರಾಶಿ ಇರಲಿಲ್ಲ.

ಗೋಡೆಯ ಉದ್ದಕ್ಕೂ ಚಪ್ಪಲಿ ಬೂಟುಗಳು ಸಾಲಾಗಿ ನಿಂತಿದ್ದವು. ಮಗುಚಿದ್ದು ನೆಟ್ಟಗಾಗಿತ್ತು, ಅಗಲಿದ್ದು ಜೋಡಿಯಾಗಿತ್ತು. ಅತ್ತೆ ಕಂಬದ ಹಿಂದೆ ಬಚ್ಚಿಟ್ಟದ್ದನ್ನೂ ಯಾರೋ ತಂದು ಸೇರಿಸಿದ್ದರು. ವಕೀಲನ ಬೂಟಿನ ಲೇಸುಗಳನ್ನು ಒಳಗೆ ಮಡಚಿಟ್ಟಿದ್ದರು. ಎಲ್ಲದರ ಹಿಮ್ಮಡಿ ಗೋಡೆಗೆ. ಎಲ್ಲದರ ಮೂತಿ ಹೊರಗೆ, ಮೆಟ್ಟಿಲ ಕಡೆಗೆ, ಮೆಟ್ಟಿಲಿನಾಚೆ ರಸ್ತೆಯ ಕಡೆಗೆ. ಪ್ರತಿ ಜೋಡಿಯ ನಡುವೆ ಬೆರಳು ತೂರುವಷ್ಟು ಜಾಗ.

ಅವಳು ಬಗ್ಗಿ ಒಂದು ಜೋಡಿಯ ನಡುವೆ ಬೆರಳಿಟ್ಟು ನೋಡಿದಳು.

ಪಡಸಾಲೆಯಲ್ಲಿ ಯಾರೂ ಇರಲಿಲ್ಲ. ಆ ತುದಿಯಲ್ಲಿ ಒಂದು ಖಾಲಿ ಕುರ್ಚಿ. ಗೋಡೆಗೆ ಒರಗಿಸಿದ ಪೊರಕೆ. ಯಾರೋ ಇದ್ದರು, ಮಾಡಿದರು, ಹೋದರು. ಯಾರನ್ನು ಕೇಳಬೇಕು? ಏನೆಂದು ಕೇಳಬೇಕು? ನೀವು ನಾಲ್ಕು ವರ್ಷದ ಹಿಂದೆ, ಒಂದು ಸಂಜೆ, ಆ ರಸ್ತೆಯಲ್ಲೂ ಇದ್ದಿರಾ?

ಆ ಚೀಟಿ ಕಿತ್ತು ಬಂದಿದ್ದರೂ ಅವಳಿಗೆ ಏನೂ ತಿಳಿಯುತ್ತಿರಲಿಲ್ಲ.

ಹಿಂದೆ ಬಾಗಿಲು ತೆರೆಯಿತು. ನಗು, ಚಹಾದ ವಾಸನೆ, ಮೈದುನನ ದನಿ. ಅತ್ತೆ ಬಂದು ಪಕ್ಕದಲ್ಲಿ ನಿಂತು, ಕಂಬದ ಹಿಂದೆ ಇಣುಕಿ, ಗಾಬರಿಯಾಗಿ, ಆಮೇಲೆ ಸಾಲಿನಲ್ಲಿ ತಮ್ಮದನ್ನು ಕಂಡರು.

"ಯಾರಿಟ್ಟರು ಹೀಗೆ?"

ಅವಳು ಆ ತುದಿಯ ಖಾಲಿ ಕುರ್ಚಿಯ ಕಡೆ ನೋಡಿದಳು.

"ಯಾಕೆ ನಿಂತೆ? ನಿನ್ನದು ಹಾಕ್ಕೊಂಡು ನಡಿ."

ಅವಳು ತನ್ನದನ್ನು ಹುಡುಕುತ್ತಿದ್ದಳು. ಹೀಗೆ ಜೋಡಿಯಾಗಿ ನಿಂತ ಮೇಲೆ ಯಾವುದೆಂದು ತಕ್ಷಣ ಗುರುತು ಸಿಗಲಿಲ್ಲ. ಸಾಲಿನ ಕೊನೆಯವರೆಗೆ ನೋಡಿದಳು. ಕೊನೆಯಲ್ಲಿ ಒಂಟಿಕಾಲಿನವನ ಒಂದೇ ಚಪ್ಪಲಿ ಇತ್ತು. ಅದರ ಪಕ್ಕದಲ್ಲೂ ಇನ್ನೊಂದು ಹಿಡಿಸುವಷ್ಟು ಜಾಗ ಬಿಟ್ಟು, ಅದನ್ನೂ ಮೂತಿ ಹೊರಗೆ ಮಾಡಿ ಇಟ್ಟಿದ್ದರು.